ಒಂದು ಕಾಲಂನ ಚರಿತ್ರೆ



ಸರಕಾರಿ ಕೆಲಸಕ್ಕೆ ಆಯ್ಕೆಯಾದವರು ತುಂಬಿಸುವ ನಮೂನೆಯನ್ನು ನೀವು ನೋಡಿರಬಹುದು. ಹೆಸರು, ಊರು, ವಿದ್ಯೆ ಎಲ್ಲ ಮುಗಿದ ಮೇಲೆ ಒಂದು ಕಾಲಂ ಬರುತ್ತದೆ: ನಿಮ್ಮನ್ನು ಎಂದಾದರೂ ಬಂಧಿಸಲಾಗಿತ್ತೇ? ನಿಮ್ಮ ಮೇಲೆ ಮೊಕದ್ದಮೆ ಇತ್ತೇ? ಬ್ಯಾಂಕಿಗೆ ಸೇರುವಾಗ ನಾನು 'ಇಲ್ಲ' ಎಂದು ಬರೆದು ಮುಂದೆ ಹೋದವನು. ಯೋಚಿಸಲು ಅಲ್ಲಿ ಏನೂ ಇರಲಿಲ್ಲ.

ಈಚೆಗೆ ನನ್ನ ತಂಗಿಯ ಮಗ ಅಂತಹದೇ ನಮೂನೆ ಹಿಡಿದು ಜಗಲಿಯಲ್ಲಿ ಕೂತ. ಕಾಲೇಜಿನ ದಿನಗಳಲ್ಲಿ ಕನ್ನಡಕ್ಕಾಗಿ ಮೆರವಣಿಗೆಯಲ್ಲಿ ಘೋಷಣೆ ಕೂಗಿ ಅವನ ಮೇಲೆ ಕೇಸಾಗಿತ್ತು, ಖುಲಾಸೆಯೂ ಆಗಿತ್ತು. "ಮಾವ, ಬಿಟ್ಟುಬಿಟ್ಟಿದ್ದಾರಲ್ಲ, ಇಲ್ಲ ಅಂತಲೇ ಬರೆಯಲಾ?" ಎಂದು ಕೇಳಿದ. ಗಡಿಯಲ್ಲಿರುವ ನಮ್ಮಲ್ಲಿ ಈ ಪ್ರಶ್ನೆ ಅವನೊಬ್ಬನದೇ ಅಲ್ಲ. ಹಾಗಾಗಿ ಹಳೆಯ ತೀರ್ಪುಗಳನ್ನು ತಿರುವಿ ನೋಡಿದೆ.

1996ರಲ್ಲಿ ದಿಲ್ಲಿ ಪೊಲೀಸಿನ ಕಾನ್‌ಸ್ಟೇಬಲ್ ಹುದ್ದೆಯ ಅಭ್ಯರ್ಥಿಯೊಬ್ಬರ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಕಟುವಾಗಿ ಹೇಳಿತು: ಖುಲಾಸೆಯಾದ ಮಾತ್ರಕ್ಕೆ ಕೆಲಸ ಕೊಡಲೇಬೇಕೆಂದಿಲ್ಲ; ಅಭ್ಯರ್ಥಿಯ ನಡತೆಯನ್ನು ಇಲಾಖೆ ತೂಗಿ ನೋಡಬಹುದು.

2003ರ ತೀರ್ಪು ನಮ್ಮಂಥವರು ಗಮನಿಸಬೇಕಾದದ್ದು. ಕೇಂದ್ರೀಯ ವಿದ್ಯಾಲಯದ ದೈಹಿಕ ಶಿಕ್ಷಕರೊಬ್ಬರು ತಮ್ಮ ಮೇಲಿದ್ದ ಕೇಸನ್ನು ಮುಚ್ಚಿಟ್ಟಿದ್ದರು. ನಾನು ಹಿಂದಿ ಮಾಧ್ಯಮದಲ್ಲಿ ಓದಿದವನು, ಇಂಗ್ಲಿಷ್ ನಮೂನೆಯ ಕಾಲಂ ಸರಿಯಾಗಿ ತಿಳಿಯಲಿಲ್ಲ ಎಂಬುದು ಅವರ ವಾದ. ಎಂ.ಎಡ್. ಓದಿದವರ ಈ ಮಾತನ್ನು ಕೋರ್ಟು ಒಪ್ಪಲಿಲ್ಲ. ಕೇಸು ಆಮೇಲೆ ವಾಪಸಾಗಿದ್ದರೂ ಕೆಲಸ ಉಳಿಯಲಿಲ್ಲ. ಪರಭಾಷೆಯ ನಮೂನೆಯನ್ನು ಅರ್ಧಂಬರ್ಧ ಓದಿ ಸಹಿ ಹಾಕುವ ಅಭ್ಯಾಸ ನಮ್ಮಲ್ಲಿ ಎಷ್ಟು ಜನರಿಗಿಲ್ಲ?

2011ರಲ್ಲಿ ಗಾಳಿ ಸ್ವಲ್ಪ ತಿರುಗಿತು. ದಿಲ್ಲಿ ಪೊಲೀಸಿಗೆ ಅರ್ಜಿ ಹಾಕಿದ್ದ ಯುವಕನೊಬ್ಬ ರಾಜಿಯಲ್ಲಿ ಮುಗಿದಿದ್ದ ಹೊಡೆದಾಟದ ಕೇಸನ್ನು ಮೊದಲು ಬರೆದಿರಲಿಲ್ಲ. ನ್ಯಾಯಮೂರ್ತಿ ಮಾರ್ಕಂಡೇಯ ಕಾಟ್ಜು ಅವರಿದ್ದ ಪೀಠ, ಹರೆಯದ ತಪ್ಪಿಗೆ ಜೀವಮಾನವಿಡೀ ಹಣೆಪಟ್ಟಿ ಹಚ್ಚಬಾರದೆಂದಿತು. ವಿಕ್ಟರ್ ಹ್ಯೂಗೋನ ಕಾದಂಬರಿಯಲ್ಲಿ ರೊಟ್ಟಿ ಕದ್ದ ಜೀನ್ ವಾಲ್‌ಜೀನನನ್ನು ನೆನೆಯಿತು. 1970ರ ಲಂಡನ್ನಿನ ಪ್ರಕರಣವನ್ನೂ ನೆನೆಯಿತು. ವೇಲ್ಸಿನ ಪ್ರಸಾರ ತಮ್ಮ ವೆಲ್ಶ್ ಭಾಷೆಯಲ್ಲಿರಬೇಕೆಂದು ವಿದ್ಯಾರ್ಥಿಗಳು ಅಲ್ಲಿನ ಕೋರ್ಟಿಗೇ ನುಗ್ಗಿ, ಹಲವರು ಮೂರು ತಿಂಗಳ ಸಜೆಗೆ ಗುರಿಯಾಗಿದ್ದರು. ಅವರು ಮಾಡಿದ್ದು ತಪ್ಪೆಂದು ಹೇಳಿಯೂ, ಮೇಲ್ಮನವಿ ಹಾಕಿದವರನ್ನು ಲಾರ್ಡ್ ಡೆನ್ನಿಂಗ್ ಸೆರೆಯಿಂದ ಬಿಡಿಸಿದರು. ಬಾನುಲಿಯಲ್ಲಿ ಒಂದಿಷ್ಟು ಕನ್ನಡಕ್ಕಾಗಿ ಕಿವಿಗೊಟ್ಟು ಕಾಯುವ ನಮಗೆ ಆ ಹುಡುಗರ ಸಂಕಟವನ್ನು ಯಾರೂ ವಿವರಿಸಬೇಕಾಗಿಲ್ಲ.

ಹೀಗೆ ತೀರ್ಪುಗಳು ಎರಡು ದಾರಿ ಹಿಡಿದಾಗ, 2016ರ ಜುಲೈ 21ರಂದು ಮೂವರು ನ್ಯಾಯಮೂರ್ತಿಗಳ ಪೀಠ ನಿಯಮಗಳನ್ನು ಒಟ್ಟುಗೂಡಿಸಿತು. ಕೇಳಿದ್ದಕ್ಕೆ ಸತ್ಯವನ್ನೇ ಬರೆಯಬೇಕು. ಪ್ರಶ್ನೆ ಸ್ಪಷ್ಟವಾಗಿರಬೇಕು, ಕೇಳದೇ ಇದ್ದದ್ದನ್ನು ಮುಚ್ಚಿಟ್ಟೆ ಎಂದು ದೂರುವಂತಿಲ್ಲ. ಎಳೆಯ ವಯಸ್ಸಿನಲ್ಲಿ ಘೋಷಣೆ ಕೂಗಿದಂತಹ ಸಣ್ಣ ತಪ್ಪನ್ನು ಮುಚ್ಚಿಟ್ಟಿದ್ದರೆ ಇಲಾಖೆ ತನ್ನ ವಿವೇಚನೆಯಿಂದ ಮನ್ನಿಸಬಹುದು. ಆದರೆ ಸತ್ಯ ಬರೆದವನಿಗೂ ಕೆಲಸ ಕೊಡಲೇಬೇಕೆಂಬ ಒತ್ತಾಯವಿಲ್ಲ.

ಈ ಕೊನೆಯ ಮಾತನ್ನೂ ನಾನು ಅಳಿಯನಿಂದ ಮುಚ್ಚಿಡಲಿಲ್ಲ. ಅವನು ತುಂಬ ಹೊತ್ತು ಸುಮ್ಮನಿದ್ದ. ಮೂವತ್ತು ವರ್ಷ ಲೆಡ್ಜರು ಬರೆದ ನನಗೆ ಗೊತ್ತಿದ್ದ ಒಂದೇ ಮಾತು ಹೇಳಿದೆ: "ಮಗಾ, ತಪ್ಪು ಬಿದ್ದ ಅಂಕಿಗೆ ಗೆರೆ ಎಳೆದು ಸಹಿ ಹಾಕಿದರೆ ತಪಾಸಣೆಯವರು ಒಪ್ಪುತ್ತಾರೆ, ಕೆರೆದು ಅಳಿಸಿದರೆ ಒಪ್ಪುವುದಿಲ್ಲ."

ಅವನು 'ಹೌದು' ಎಂದು ಬರೆದು, ಖುಲಾಸೆಯ ತೀರ್ಪಿನ ನಕಲು ಲಗತ್ತಿಸಿದ. ಉತ್ತರ ಇನ್ನೂ ಬಂದಿಲ್ಲ. ಅಂಚೆಯವನ ಸೈಕಲ್ಲಿನ ಗಂಟೆಗೆ ನಾವಿಬ್ಬರೂ ತಲೆಯೆತ್ತುತ್ತೇವೆ.

ನಿಮ್ಮ ಮನೆಯ ಮಕ್ಕಳೂ ನಮೂನೆ ತುಂಬಿಸುವ ದಿನ ಬಂದೀತು. ಪಕ್ಕದಲ್ಲಿ ಕೂತು, ಆ ಕಾಲಂ ಅನ್ನು ಕನ್ನಡದಲ್ಲಿ ಓದಿ ಹೇಳಿ.