ತೊಗಟೆಯ ಮೇಲೆ ಬರೆದ ನ್ಯಾಯ

ಆಸ್ಟ್ರೇಲಿಯದ ಉತ್ತರ ತುದಿಯ ಆರ್ನೆಮ್ ಲ್ಯಾಂಡಿನಲ್ಲಿ ಯಿರ್ಕಲಾ ಎಂಬ ಮೆಥಡಿಸ್ಟ್ ಮಿಷನ್ ಇತ್ತು. 1963ರಲ್ಲಿ ಅಲ್ಲಿಯ ದೇವಾಲಯದ ಬಲಿಪೀಠದ ಇಕ್ಕೆಲಗಳಲ್ಲಿ ಎರಡು ದೊಡ್ಡ ಚಿತ್ರಫಲಕಗಳು ನಿಂತವು. ಬರೆದವರು ಯೊಲಂಗು ಬುಡಕಟ್ಟಿನ ಹಿರಿಯರು. ಓದುಗ ಬಂಧುಗಳೇ, ಅವನ್ನು ಬರಿಯ ಅಲಂಕಾರವೆಂದು ಬಗೆಯಬೇಡಿ. ಯೊಲಂಗು ಲೋಕದಲ್ಲಿ ಮನುಷ್ಯ, ಪ್ರಾಣಿ, ನೆಲ, ನೀರು ಎಲ್ಲವೂ ಧುವಾ, ಯಿರಿಚಾ ಎಂಬ ಎರಡು ಪಾಲುಗಳಲ್ಲಿ ಒಂದಕ್ಕೆ ಸೇರಿವೆ. ಒಂದು ಪಾಲಿನವರು ಇನ್ನೊಂದು ಪಾಲಿನವರನ್ನೇ ವರಿಸಬೇಕು. ಯಾವ ಕುಲ ಯಾವ ನೆಲಕ್ಕೆ ಹೊಣೆ ಎಂಬುದನ್ನು ಪೂರ್ವಜರ ಪಯಣದ ಕಥೆ, ಹಾಡು, ಚಿತ್ರಗಳು ನಿಶ್ಚಯಿಸುತ್ತವೆ. ಅವರಿಗೆ ಅದೇ ಕಾನೂನು. ಒಂದೊಂದು ಪಾಲಿಗೆ ಒಂದರಂತೆ ನಿಂತ ಆ ಫಲಕಗಳು ಅದರ ದಸ್ತಾವೇಜು.

ಅದೇ ವರ್ಷ ಸರ್ಕಾರವು ಬಾಕ್ಸೈಟ್ ಗಣಿಗಾಗಿ ಅವರ ಮೀಸಲು ನೆಲದ ಒಂದು ಭಾಗವನ್ನು, ಅವರನ್ನು ಕೇಳದೆಯೇ, ತೆಗೆದುಕೊಂಡಿತು. ಹಿರಿಯರು ತಮ್ಮ ಭಾಷೆಯಲ್ಲೂ ಇಂಗ್ಲಿಷಿನಲ್ಲೂ ಮನವಿ ಸಿದ್ಧಪಡಿಸಿ, ಚಿತ್ರ ಬರೆದ ಮರದ ತೊಗಟೆಗೆ ಅಂಟಿಸಿ ಸಂಸತ್ತಿಗೆ ಕಳುಹಿಸಿದರು. ಅವರ ಪರ ನಿಂತ ಪಾದ್ರಿ ಎಡ್ಗರ್ ವೆಲ್ಸ್ ತಮ್ಮ ಸ್ಥಾನ ಕಳೆದುಕೊಂಡರು. ಸಂಸತ್ತು ಸಮಿತಿಯೊಂದನ್ನು ನೇಮಿಸಿತು. ಗಣಿಯ ಯೋಜನೆ ನಿಲ್ಲಲಿಲ್ಲ.

ಹಿರಿಯರು ನ್ಯಾಯಾಲಯದ ಮೆಟ್ಟಿಲೇರಿದರು. ಫಿರ್ಯಾದಿಗಳಲ್ಲಿ ಒಬ್ಬರಾದ ಮುಂಗುರಾವುಯ್ ಅವರ ತರುಣ ಮಗ ಗಲರವುಯ್ ಯೂನುಪಿಂಗು ದುಭಾಷಿಯಾಗಿ ನೆರವಾದರು. 1971ರ ತೀರ್ಪು ವಿಚಿತ್ರವಾದುದು. ವ್ಯಕ್ತಿಗಳ ಇಚ್ಛೆಗೆ ಬಗ್ಗದ, ಸೂಕ್ಷ್ಮವಾಗಿ ಹೆಣೆದ ನಿಜವಾದ ಕಾನೂನು ಇವರಲ್ಲಿದೆ ಎಂದು ನ್ಯಾಯಮೂರ್ತಿ ಬ್ಲ್ಯಾಕ್‌ಬರ್ನ್ ಮುಕ್ತವಾಗಿ ಒಪ್ಪಿದರು. ಆದರೆ ಇಲ್ಲಿ ನೆಲ ಕುಲಕ್ಕೆ ಸೇರಿದ್ದೆನ್ನುವುದಕ್ಕಿಂತ ಕುಲವೇ ನೆಲಕ್ಕೆ ಸೇರಿದ್ದೆನ್ನಬೇಕು. ಇಂಗ್ಲಿಷ್ ಕಾನೂನು ಅರಿತ ಆಸ್ತಿ ಇದಲ್ಲ ಎಂದು ದಾವೆಯನ್ನು ವಜಾ ಮಾಡಿದರು. ನೆಲವನ್ನು ಮಾರಲು ಒಲ್ಲದವನಿಗೆ ಅದರ ಮೇಲೆ ಹಕ್ಕೇ ಇಲ್ಲ ಎಂದಂತಾಯಿತಲ್ಲವೇ? ಚರ್ಚಿನವರೂ ಹೆಚ್ಚಿನ ವಿವೇಕ ತೋರಲಿಲ್ಲ. 1970ರ ದಶಕದಲ್ಲಿ ಆ ಫಲಕಗಳನ್ನು ದೇವಾಲಯದಿಂದ ಹೊರಗೆ ಹಾಕಿದರು. ಊರವರು ಉಳಿಸಿಕೊಂಡದ್ದರಿಂದ ಅವು ಇಂದು ಅಲ್ಲಿಯ ಕಲಾಕೇಂದ್ರದಲ್ಲಿವೆ.

1976ರ ಶಾಸನ ಉತ್ತರ ಪ್ರಾಂತ್ಯದ ಮೂಲನಿವಾಸಿಗಳಿಗೆ ಭೂಮಿಯ ಹಕ್ಕು ಕೊಟ್ಟಿತು. 1992ರಲ್ಲಿ ಎಡ್ಡಿ ಮಾಬೊ ಅವರ ಮೊಕದ್ದಮೆಯಲ್ಲಿ ಹೈಕೋರ್ಟ್, ಬ್ರಿಟಿಷರು ಬಂದಾಗ ಆ ನೆಲ ಯಾರದೂ ಆಗಿರಲಿಲ್ಲ ಎಂಬ ವಾದವನ್ನು ತಳ್ಳಿಹಾಕಿತು. ನೆಲದ ಹಕ್ಕು ಮೂಲನಿವಾಸಿಗಳ ಸಂಪ್ರದಾಯದ ಕಾನೂನಿನಿಂದಲೇ ಹುಟ್ಟುತ್ತದೆ ಎಂದಿತು. ಆದರೆ ಅಪರಾಧಗಳ ಮಾತು ಬೇರೆ: 2007ರಲ್ಲಿ ಕೇಂದ್ರ ಸರ್ಕಾರವು ಉತ್ತರ ಪ್ರಾಂತ್ಯದಲ್ಲಿ ಜಾಮೀನು, ಶಿಕ್ಷೆಗಳನ್ನು ನಿರ್ಣಯಿಸುವಾಗ ಅಪರಾಧದ ತೀವ್ರತೆ ಅಳೆಯಲು ಅದೇ ಸಂಪ್ರದಾಯವನ್ನು ಲೆಕ್ಕಕ್ಕೆ ತೆಗೆದುಕೊಳ್ಳಬಾರದೆಂದು ವಿಧಿಸಿತು.

ಅಂದಿನ ದುಭಾಷಿ ಗಲರವುಯ್, ಗಣಿಗೆ ಹೋದ ನೆಲಕ್ಕೆ ಪರಿಹಾರ ಕೇಳಿ 2019ರಲ್ಲಿ ಮತ್ತೆ ದಾವೆ ಹೂಡಿದರು. 2023ರಲ್ಲಿ ತೀರಿಕೊಂಡರು. 2025ರ ಮಾರ್ಚ್ 12ರಂದು ಹೈಕೋರ್ಟ್, ಅವರ ಕುಲದ ಹಕ್ಕೂ ಸಂವಿಧಾನ ಹೇಳುವ ಆಸ್ತಿಯೇ, ಅದನ್ನು ಕಸಿದರೆ ನ್ಯಾಯಯುತ ಪರಿಹಾರ ಸಲ್ಲಬೇಕು ಎಂದು ತೀರ್ಪಿತ್ತಿತು.