ಅಂಧರ ಗ್ರಹಿಕೆ: ಸ್ಪರ್ಶ, ಶ್ರವಣ ಮತ್ತು ಅಭ್ಯಾಸ

ಅಂಧತ್ವ ಎಂದರೇನು?

ಅಂಧರೆಲ್ಲರೂ ಪೂರ್ಣ ಕತ್ತಲಿನಲ್ಲಿರುವುದಿಲ್ಲ. ಭಾರತದ 2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯ ಪ್ರಕಾರ, ಕನ್ನಡಕದ ನೆರವಿದ್ದರೂ ಉತ್ತಮ ಕಣ್ಣಿನ ದೃಷ್ಟಿ 3/60ಕ್ಕಿಂತ ಕಡಿಮೆ ಇರುವವರೂ ಅಂಧರೇ. ಇತರರಿಗೆ 60 ಮೀಟರ್ ದೂರದಿಂದ ಕಾಣುವ ವಸ್ತುವನ್ನು ಇವರು 3 ಮೀಟರ್‌ ಹತ್ತಿರದಿಂದಲೂ ಗುರುತಿಸಲಾರರು.

ಶ್ರವಣದ ಪಾತ್ರ

ಅಡ್ಡಬಂದ ಗೋಡೆಯ ಇರವು ಮುಖದ ಚರ್ಮಕ್ಕೆ ತಿಳಿಯುತ್ತದೆಂದು ಅನೇಕ ಅಂಧರು ಭಾವಿಸಿದ್ದರು. 1944ರಲ್ಲಿ ಪ್ರಕಟವಾದ ಅಮೆರಿಕದ ಕಾರ್ನೆಲ್ ವಿಶ್ವವಿದ್ಯಾಲಯದ ಪ್ರಯೋಗಗಳಲ್ಲಿ ಕಿವಿ ಮುಚ್ಚಿದೊಡನೆ ಈ ಸಾಮರ್ಥ್ಯ ಇಲ್ಲವಾಯಿತು. ಹೆಜ್ಜೆಯ ಸಪ್ಪಳದ ಪ್ರತಿಧ್ವನಿಯೇ ಗೋಡೆಯ ಸುಳಿವನ್ನು ನೀಡುತ್ತಿತ್ತು. ಶಿಂಷಾ ನದಿಯ ದಂಡೆಯಲ್ಲಿರುವ ವೈದ್ಯನಾಥಪುರದಂತಹ ಊರಿನಲ್ಲಿ ನೀರಿನ ಹರಿವು, ದೇವಾಲಯದ ಗಂಟೆ ಮೊದಲಾದ ಸ್ಥಿರ ಮೂಲದ ಶಬ್ದಗಳು ದಿಕ್ಕು ತಿಳಿಯಲು ನೆರವಾಗಬಲ್ಲವು. ಬಿಳಿಯ ಕೋಲು ನೆಲದ ಏರು, ತಗ್ಗುಗಳನ್ನು ಒಂದು ಹೆಜ್ಜೆ ಮೊದಲೇ ತಿಳಿಸುತ್ತದೆ.

ಸ್ಪರ್ಶ ಮತ್ತು ಮಿದುಳು

ಬ್ರೈಲ್ ಲಿಪಿಯ ಪ್ರತಿ ಅಕ್ಷರವೂ ಆರು ಉಬ್ಬುಚುಕ್ಕೆಗಳ ಚೌಕಟ್ಟಿನಲ್ಲಿ ಮೂಡುತ್ತದೆ. ಭಾರತೀಯ ಭಾಷೆಗಳಿಗಾಗಿ ಇರುವ ಭಾರತಿ ಬ್ರೈಲ್ ವ್ಯವಸ್ಥೆಯಲ್ಲಿ ಕನ್ನಡದ ‘ಕ’ ಮತ್ತು ಹಿಂದಿಯ ‘ಕ’ ಒಂದೇ ಆಕಾರದವು. ಇದರಲ್ಲಿ ಗುಣಿತ ಚಿಹ್ನೆಗಳಿಲ್ಲ. ‘ಕಿ’ ಬರೆಯಲು ‘ಕ’ದ ನಂತರ ‘ಇ’ ಸೇರಿಸಲಾಗುತ್ತದೆ. ಎಳವೆಯಲ್ಲೇ ಅಂಧರಾದವರು ಬ್ರೈಲ್ ಓದುವಾಗ ಮಿದುಳಿನ ದೃಷ್ಟಿಕೇಂದ್ರವೂ ಸಕ್ರಿಯವಾಗುತ್ತದೆಂದು 1996ರ ಸಂಶೋಧನೆಯೊಂದು ತೋರಿಸಿತು. ಬಳಕೆಗೆ ತಕ್ಕಂತೆ ಮಾರ್ಪಡುವ ಮಿದುಳಿನ ಈ ಗುಣಕ್ಕೆ ನರನಮ್ಯತೆ ಎಂದು ಹೆಸರು.

ಕರ್ನಾಟಕದ ನಿದರ್ಶನಗಳು

ಗದಗಿನ ವೀರೇಶ್ವರ ಪುಣ್ಯಾಶ್ರಮದಲ್ಲಿ ಪಂಚಾಕ್ಷರಿ ಗವಾಯಿ ಮತ್ತು ಅವರ ಶಿಷ್ಯ ಪುಟ್ಟರಾಜ ಗವಾಯಿ ಅಂಧ ಮಕ್ಕಳಿಗೆ ಸಂಗೀತ ಕಲಿಸಿದರು. ಗುರುಶಿಷ್ಯರಿಬ್ಬರೂ ಅಂಧರು. ಕೇಳಿ ಕಲಿಯುವ ಗುರುಮುಖ ಪದ್ಧತಿ ಅಲ್ಲಿ ಜೀವನೋಪಾಯದ ವಿದ್ಯೆಯಾಯಿತು.

ಅಂಧರ ಕ್ರಿಕೆಟ್‌ನಲ್ಲಿ ಗಟ್ಟಿ ಪ್ಲಾಸ್ಟಿಕ್ ಚೆಂಡಿನೊಳಗೆ ಲೋಹದ ಗುಂಡುಗಳು ಸದ್ದು ಮಾಡುತ್ತವೆ. ಬೌಲರ್ ಮೊದಲು ‘ರೆಡಿ’ ಎಂದು ಕೇಳಿ, ಬ್ಯಾಟರ್ ‘ಯೆಸ್’ ಎಂದ ಮೇಲೆ ‘ಪ್ಲೇ’ ಎಂದು ಕೂಗಿ ಚೆಂಡನ್ನು ಕೈಕೆಳಗಿನಿಂದ ಎಸೆಯುತ್ತಾನೆ. 2012ರಲ್ಲಿ ಬೆಂಗಳೂರಿನಲ್ಲಿ ನಡೆದ ಅಂಧರ ಮೊದಲ ಟಿ-20 ವಿಶ್ವಕಪ್ಪನ್ನು ಶಿವಮೊಗ್ಗ ಜಿಲ್ಲೆಯ ಶೇಖರ್ ನಾಯ್ಕ್ ನಾಯಕತ್ವದ ಭಾರತ ಗೆದ್ದಿತು.

ಪರಿಸರದ ಹೊಣೆ

ಅಭ್ಯಾಸಕ್ಕೆ ಅನುಕೂಲವಾದ ಪರಿಸರವೂ ಬೇಕು. ಬೆಂಗಳೂರಿನ ‘ನಮ್ಮ ಮೆಟ್ರೊ’ ನಿಲ್ದಾಣಗಳ ಉಬ್ಬುಪಟ್ಟಿಗಳು ಕಾಲಿಗೆ ದಾರಿ ತಿಳಿಸುತ್ತವೆ. ಪರದೆಯ ಬರಹವನ್ನು ಓದಿ ಹೇಳುವ ತಂತ್ರಾಂಶಗಳು ಮೊಬೈಲ್ ಬಳಕೆಯನ್ನು ಸಾಧ್ಯವಾಗಿಸುತ್ತವೆ. ಪಾದಚಾರಿ ಮಾರ್ಗದಲ್ಲಿ ನಿಲ್ಲಿಸಿದ ಒಂದು ಬೈಕು ಕಲಿತ ದಾರಿಯನ್ನೇ ತಪ್ಪಿಸಬಲ್ಲದು. ಆದ್ದರಿಂದ ದಾರಿಯನ್ನು ತೆರವಾಗಿಡುವುದು ಮತ್ತು ಮನೆಯ ವಸ್ತುಗಳನ್ನು ಹೇಳದೆ ಸ್ಥಳಾಂತರಿಸದಿರುವುದು ಖರ್ಚಿಲ್ಲದ, ಎಲ್ಲರಿಗೂ ಸಾಧ್ಯವಾದ ನೆರವು.