ಕಿರೀಟ ಕಳಚಿದ ಹ್ಯಾಮ್ಲೆಟ್

ಭರತಮುನಿಯು ಅಭಿನಯವನ್ನು ಆಂಗಿಕ, ವಾಚಿಕ, ಆಹಾರ್ಯ, ಸಾತ್ತ್ವಿಕವೆಂದು ನಾಲ್ಕು ಬಗೆಯಾಗಿ ವಿಂಗಡಿಸಿದ್ದಾನೆ. ಆಹಾರ್ಯವೆಂದರೆ ವೇಷಭೂಷಣ. ಹಳೆಯ ರುದ್ರನಾಟಕದ ಅರಸನ ಕಿರೀಟವನ್ನು ತೆಗೆದು ಅವನಿಗೆ ಕೋಟು, ಟೈ ತೊಡಿಸಿದರೆ ನಾಟಕದ ಸತ್ತ್ವ ಉಳಿದೀತೆ?

ಷೇಕ್ಸ್‌ಪಿಯರನ 'ಹ್ಯಾಮ್ಲೆಟ್' ಸುಮಾರು ೧೬೦೦ರ ಕೃತಿ. ೧೯೨೫ರಲ್ಲಿ ಬ್ಯಾರಿ ಜ್ಯಾಕ್ಸನ್ ಅವರು ಲಂಡನ್ನಿನಲ್ಲಿ ಅದನ್ನು ಅಂದಿನ ಉಡುಪಿನಲ್ಲೇ ರಂಗಕ್ಕೆ ತಂದರು. ನಮ್ಮ ಕುವೆಂಪು ಅವರು 'ರಕ್ತಾಕ್ಷಿ'ಯಲ್ಲಿ ಆ ವಸ್ತುವನ್ನು ಬಿದನೂರಿಗೆ ಒಗ್ಗಿಸಿದರು. ಆದರೆ ಅಲ್ಲಿಯೂ ಅರಮನೆ ಅರಮನೆಯಾಗಿಯೇ ಉಳಿಯಿತು. ಅರಮನೆಯನ್ನೇ ಬಿಟ್ಟುಕೊಟ್ಟವರು ಜಪಾನಿನ ಚಲಚ್ಚಿತ್ರ ನಿರ್ದೇಶಕ ಅಕಿರ ಕುರೋಸಾವ ಅವರು. ೧೯೫೭ರಲ್ಲಿ 'ಮ್ಯಾಕ್‌ಬೆತ್' ಕಥೆಯನ್ನು ಮಧ್ಯಯುಗದ ಜಪಾನಿನ ಯೋಧರ ವೇಷದಲ್ಲಿ ತೋರಿಸಿದ್ದ ಅವರು, ೧೯೬೦ರ ಚಿತ್ರವೊಂದರಲ್ಲಿ ಹ್ಯಾಮ್ಲೆಟ್ಟನ ನೆರಳನ್ನು ತಮ್ಮ ಕಾಲದ ಕಚೇರಿಗೆ ತಂದರು. ಹೆಚ್ಚು ಕೆಟ್ಟವನಿಗೇ ಹೆಚ್ಚು ಸುಖನಿದ್ರೆ ಎಂಬುದು ಆ ಚಿತ್ರದ ಹೆಸರಿನ ಅರ್ಥ.

ಚಿತ್ರ ಮೊದಲಾಗುವುದು ಮದುವೆಯ ಔತಣದಿಂದ. ನಿಗಮವೊಂದರ ಉಪಾಧ್ಯಕ್ಷ ಇವಾಬೂಚಿಯ ಮಗಳನ್ನು ಅವನ ಕಾರ್ಯದರ್ಶಿ ನಿಶಿ ವರಿಸಿದ್ದಾನೆ. ಆಗ ಕಚೇರಿ ಕಟ್ಟಡದ ಆಕಾರದ ಕೇಕೊಂದು ಒಳಗೆ ಬರುತ್ತದೆ. ಅದರ ಏಳನೆಯ ಮಹಡಿಯ ಕಿಟಕಿಯಲ್ಲಿ ಒಂದು ಗುಲಾಬಿ. ಐದು ವರ್ಷಗಳ ಹಿಂದೆ, ಮೇಲಿನವರ ಭ್ರಷ್ಟಾಚಾರ ಬಯಲಾಗದಿರಲೆಂದು ಅಧಿಕಾರಿಯೊಬ್ಬನು ಆ ಕಿಟಕಿಯಿಂದ ಬಿದ್ದು ಪ್ರಾಣ ಬಿಡಬೇಕಾಗಿತ್ತು. ಆತನ ಮಗನೇ ಈ ಮದುವಣಿಗ! ಹ್ಯಾಮ್ಲೆಟ್ ಆಡಿಸಿದ ನಾಟಕದೊಳಗಣ ನಾಟಕದ ಕೆಲಸವನ್ನು ಇಲ್ಲಿ ಆ ಕೇಕು ಮಾಡುತ್ತದೆ. ಪ್ರೇತವೂ ಉಂಟು. ಸತ್ತನೆಂದು ಎಲ್ಲರೂ ನಂಬಿದ್ದ, ನಿಶಿ ಗುಟ್ಟಾಗಿ ಉಳಿಸಿಕೊಂಡಿದ್ದ ನೌಕರನು ಸಹೋದ್ಯೋಗಿಯೊಬ್ಬನ ಕಣ್ಣಿಗೆ ಬಿದ್ದು, ಅವನ ಬುದ್ಧಿಯನ್ನೇ ಕೆಡಿಸುತ್ತಾನೆ.

ಇಷ್ಟರವರೆಗೆ ಬದಲಾದುದು ಉಡುಪು ಮಾತ್ರವೆನ್ನಬಹುದು. ಮುಕ್ತಾಯದಲ್ಲಿ ಹಾಗಲ್ಲ. ಮೂಲದಲ್ಲಿ ಹ್ಯಾಮ್ಲೆಟ್ ಸಾಯುವನಾದರೂ, ಪಾಪಿ ಕ್ಲಾಡಿಯಸನನ್ನು ಕೊಂದೇ ಸಾಯುತ್ತಾನೆ. ಚಿತ್ರದಲ್ಲಿ ನಿಶಿಯ ಕೊಲೆ ನಮ್ಮ ಕಣ್ಣಿಗೂ ಬೀಳದು. ಗೆಳೆಯನ ಗೋಳಿನಿಂದ ತಿಳಿಯುತ್ತದೆ. ಇವಾಬೂಚಿ ಬದುಕಿ ಉಳಿಯುತ್ತಾನೆ. ಮಗನೂ ಮಗಳೂ ತೊರೆದುಹೋದ ಮೇಲೆ ಟೆಲಿಫೋನನ್ನು ಹಿಡಿದು, ಕಾಣದ ಮೇಲಿನವನೊಬ್ಬನಿಗೆ ತಲೆಬಾಗಿ ವರದಿ ಒಪ್ಪಿಸುತ್ತಾನೆ. ಆ ಮೇಲಿನವನಿಗೆ ಹೆಸರಿಲ್ಲ, ಮುಖವಿಲ್ಲ.

ಅರಮನೆಯ ಅಪರಾಧಿ ಸಿಂಹಾಸನದ ಮೇಲೆ ಎಲ್ಲರಿಗೂ ಕಾಣುವಂತೆ ಕುಳಿತಿದ್ದನು; ಕತ್ತಿಗೆ ನಿಲುಕುತ್ತಿದ್ದನು. ಕಚೇರಿಯಲ್ಲಾದರೋ ಒಬ್ಬನ ಮೇಲೆ ಮತ್ತೊಬ್ಬ, ಅವನ ಮೇಲೆ ಇನ್ನೊಬ್ಬ. ಕಟ್ಟಕಡೆಯ ಅರಸನು ಯಾರೆಂದು ಕತ್ತಿ ಹಿಡಿದವನಿಗೆ ತಿಳಿಯುವುದೇ ಇಲ್ಲ. ಕಿರೀಟ ಹೋದೊಡನೆ ನ್ಯಾಯದ ದಾರಿಯೂ ಮಸುಕಾಯಿತು. ಆದ್ದರಿಂದಲೇ ಮೂಲನಾಟಕವನ್ನು ಓದಿ ಮುಗಿಸಿದಾಗ ಮನಸ್ಸಿನಲ್ಲಿ ಶೋಕ ನಿಂತರೆ, ಈ ಚಿತ್ರವನ್ನು ನೋಡಿ ಎದ್ದಾಗ ಭಯ ನಿಲ್ಲುತ್ತದೆ. ಆಹಾರ್ಯವು ಹೊರಗಿನ ಅಲಂಕಾರ ಮಾತ್ರವೆಂದು ನಾವು ಮೇಷ್ಟರು ತರಗತಿಯಲ್ಲಿ ಹೇಳಿಬಿಡುವುದುಂಟು. ಅದನ್ನು ಭರತನು ಅಭಿನಯದಲ್ಲೇ ಸೇರಿಸಿದ್ದೇಕೆಂಬುದು ಇಂಥ ಚಿತ್ರವನ್ನು ಕಂಡಾಗ ಮನದಟ್ಟಾಗುತ್ತದೆ.